ಡಾಕ್ಟರಮ್ಮನ ಗಂಡ

ಬೆಳಿಗ್ಗೆ ಗ್ಯಾರೇಜಿನ ಫೋನು ಹೊಡೆದುಕೊಂಡಾಗ ಮೇಸ್ತ್ರಿ ಒಂದು ಕಾರಿನ ಹೊಟ್ಟೆಯಡಿ ಅಂಗಾತ ಮಲಗಿದ್ದ. ತೆವಳಿಕೊಂಡು ಹೊರಗೆ ಬಂದು, ಗ್ರೀಸಾದ ಕೈಯನ್ನು ತೊಡೆಗೆ ಒರೆಸಿಕೊಂಡು ಫೋನೆತ್ತಿ, "ಹಲೋ, ಮೇಸ್ತ್ರಿ ಮಾತಾಡ್ತಿರೋದು" ಎಂದ.

ಆ ಕಡೆಯ ದನಿ ಒಂದು ಗಳಿಗೆ ತಡವರಿಸಿತು. "ಡಾಕ್ಟರಮ್ಮ ಇಲ್ವಾ?"

"ಇದಾಳೆ. ಏನ್ ವಿಷಯ, ನನಗೇ ಹೇಳಿ."

"ಪರವಾಗಿಲ್ಲ ಬಿಡಿ. ಅವರಿಗೆ ಬಿಡುವಾದಾಗ ಮಾಡ್ತೀನಿ."

ಫೋನು ಕಟ್ಟಾಯಿತು. ಮೇಸ್ತ್ರಿ ಅದನ್ನು ಮೇಜಿನ ಮೇಲೆ ಕುಕ್ಕಿ ಮತ್ತೆ ಕಾರಿನಡಿ ತೂರಿಕೊಂಡ. ಮಧ್ಯಾಹ್ನದವರೆಗೂ ಯಾರ ಹತ್ತಿರವೂ ನೆಟ್ಟಗೆ ಮಾತಾಡಲಿಲ್ಲ.

ಡಾಕ್ಟರಮ್ಮ ಎಂದರೆ ಬೇರೆ ಯಾರೂ ಅಲ್ಲ, ಅವನ ಹೆಂಡತಿ. ಓದಿ ಡಾಕ್ಟರಾದವಳೂ ಅಲ್ಲ. ಕೆಮ್ಮುವ, ಏದುಸಿರು ಬಿಡುವ ಇಂಜಿನ್ನುಗಳನ್ನು ಸರಿಮಾಡುತ್ತಾಳೆಂದು ಗಿರಾಕಿಗಳು ಇಟ್ಟ ಹೆಸರು. ಹೆಸರೇನೋ ಅವಳಿಗೆ ಒಪ್ಪುತ್ತಿತ್ತು. ಆದರೆ ಅದರ ಹಿಂದೆಯೇ ಇನ್ನೊಂದು ಹೆಸರೂ ಹುಟ್ಟಿಕೊಂಡಿತ್ತು. ರಸ್ತೆಯಾಚೆಗಿನ ಸ್ಪೇರ್ ಪಾರ್ಟ್ಸ್ ಅಂಗಡಿಯವನು, ಮೇಸ್ತ್ರಿಯ ಹಳೆಯ ಗೆಳೆಯ, ಒಂದು ದಿನ ಹೊಸ ಗಿರಾಕಿಯೊಬ್ಬನಿಗೆ ಇವನನ್ನು ತೋರಿಸಿ, "ಇವರೇ ನೋಡಿ, ಡಾಕ್ಟರಮ್ಮನ ಗಂಡ" ಎಂದುಬಿಟ್ಟಿದ್ದ. ತಮಾಷೆಗೇ ಅಂದಿದ್ದು. ಮೇಸ್ತ್ರಿಯೂ ಹಲ್ಲು ಕಿರಿದಿದ್ದ. ಆ ಮಾತು ಮಾತ್ರ ಒಳಗೆ ಮುಳ್ಳಿನ ಹಾಗೆ ಮುರಿದುಕೊಂಡಿತ್ತು.

ಇಪ್ಪತ್ತಾರು ವರ್ಷ ಇಂಜಿನ್ನುಗಳ ಮಗ್ಗುಲಲ್ಲೇ ಬದುಕಿದವನು ಅವನು. ಗಾಡಿ ಬೀದಿಯ ತಿರುವಿನಲ್ಲಿರುವಾಗಲೇ ಸದ್ದಿಗೆ ಕಿವಿಗೊಟ್ಟು ಕಾಯಿಲೆ ಹೇಳುತ್ತಿದ್ದ. ತಗಡಿನ ಸೂರು, ಎರಡು ಗಾಡಿ ನಿಲ್ಲುವಷ್ಟು ಜಾಗ, ಗೋಡೆಯ ಹಲಗೆಯ ಮೇಲೆ ಒಂದೊಂದು ಸ್ಪ್ಯಾನರಿನ ಆಕಾರವನ್ನೂ ಬಣ್ಣದಲ್ಲಿ ಬರೆದು ಅದರದರ ಜಾಗದಲ್ಲೇ ನೇತುಹಾಕಿದ್ದು, ಎಲ್ಲವೂ ಅವನು ಕೈಯಾರೆ ಕಟ್ಟಿದ್ದು. ಹೆಂಡತಿ ಅಲ್ಲಿಗೆ ಬಂದದ್ದು ಬರೀ ಆರು ವರ್ಷದ ಹಿಂದೆ. ಮಗಳು ಶಾಲೆಗೆ ಹೋಗತೊಡಗಿದ ಮೇಲೆ, ಮನೆಯಲ್ಲಿ ಒಬ್ಬಳೇ ಕೂತು ಏನು ಮಾಡುವುದೆಂದು ಫೋನೆತ್ತುವುದಕ್ಕೆ ಬಂದಳು. ಫೋನೆತ್ತುತ್ತಾ ಎತ್ತುತ್ತಾ ಇಂಜಿನ್ನಿನೊಳಗೆ ಇಣುಕಿದಳು. ಇಣುಕಿದವಳು ಪ್ರಶ್ನೆ ಕೇಳತೊಡಗಿದಳು.

ಮೊದಲ ಪಾಠ ಹೇಳಿದವನು ಅವನೇ. ಒಂದು ಹಳೇ ಗಾಡಿಯಿಂದ ಬಿಚ್ಚಿದ ಥ್ರಾಟಲ್ ವಾಲ್ವನ್ನು ಅಂಗೈಯಲ್ಲಿಟ್ಟುಕೊಂಡು ಅವಳಿಗೆ ತೋರಿಸಿದ್ದ.

"ನೋಡು, ಇದು ಇಂಜಿನ್ನಿನ ಗಂಟಲು. ಒಳಗೆ ಗುಂಡಗೆ ಒಂದು ತಗಡು ಇದೆಯಲ್ಲ, ಅದು ಗಂಟಲಿನ ಬಾಗಿಲು. ಆಕ್ಸಿಲರೇಟರ್ ತುಳಿದ್ರೆ ಬಾಗಿಲು ಹೊರಳುತ್ತೆ, ಗಾಳಿ ನುಗ್ಗುತ್ತೆ. ಗಾಳಿ ಎಷ್ಟು ಹೋಯ್ತೋ ಅದಕ್ಕೆ ತಕ್ಕಷ್ಟು ಪೆಟ್ರೋಲು. ಕಾಲು ತೆಗೆದ್ರೆ ಬಾಗಿಲು ಮುಚ್ಕೊಳ್ಳುತ್ತೆ."

"ಪೂರ್ತಿ ಮುಚ್ಕೊಂಡ್ರೆ ಇಂಜಿನ್ನು ಉಸಿರುಕಟ್ಟಿ ನಿಂತುಹೋಗಲ್ವೇನ್ರೀ?"

ಮೇಸ್ತ್ರಿಗೆ ಖುಷಿಯೋ ಖುಷಿ. ಎಷ್ಟೋ ವರ್ಷ ಕೆಲಸ ಮಾಡಿದವರೂ ಕೇಳದ ಪ್ರಶ್ನೆ ಅದು. ವಾಲ್ವನ್ನು ಬೆಳಕಿಗೆ ಹಿಡಿದು, ತಗಡಿನ ಅಂಚಿನಲ್ಲಿ ಕೂದಲೆಳೆಯಷ್ಟು ಸಂದಿಯಿಂದ ಬೆಳಕು ಬರುವುದನ್ನು ತೋರಿಸಿದ. ಗಾಡಿ ನಿಂತಲ್ಲೇ ಗುರುಗುಡುವಾಗ ಇಂಜಿನ್ನು ಉಸಿರಾಡುವುದು ಆ ಸಂದಿಯಲ್ಲಿ. ಇಂಜಿನ್ನಿನೊಳಗಿನ ಎಣ್ಣೆಯ ಆವಿ ಬಂದು ಮಸಿ ಕಟ್ಟುವುದೂ ಅಲ್ಲೇ. ಮಸಿ ಕಟ್ಟಿತೋ, ಐಡ್ಲಿಂಗ್ ತೊದಲುತ್ತದೆ, ಸಿಗ್ನಲ್ಲಿನಲ್ಲಿ ಗಾಡಿ ನಿಂತುಹೋಗುತ್ತದೆ. ಆ ದಿನ ಸಿಕ್ಕಸಿಕ್ಕವರಿಗೆಲ್ಲ, "ನನ್ನ ಹೆಂಡ್ತಿ ಏನ್ ಕೇಳಿದ್ಲು ಗೊತ್ತಾ?" ಎಂದು ಹೇಳಿಕೊಂಡು ತಿರುಗಿದ್ದ.

ಹೇಳಿಕೊಂಡು ತಿರುಗುವುದು ಯಾವಾಗ ನಿಂತಿತೋ ಅವನಿಗೇ ನೆನಪಿಲ್ಲ.

ಹೊಸ ಗಾಡಿಗಳು ಬಂದವು. ಅವುಗಳಲ್ಲಿ ಪೆಡಲಿಗೂ ವಾಲ್ವಿಗೂ ನಡುವೆ ತಂತಿಯೇ ಇಲ್ಲ. ಪೆಡಲ್ ತುಳಿದರೆ ಕಂಪ್ಯೂಟರಿಗೆ ಸುದ್ದಿ ಹೋಗುತ್ತದೆ, ಅದು ಒಂದು ಪುಟ್ಟ ಮೋಟಾರಿಗೆ ಹೇಳುತ್ತದೆ, ಮೋಟಾರು ಬಾಗಿಲು ತೆರೆಯುತ್ತದೆ. ಬಿಡಿಭಾಗದ ಕಂಪನಿಯವರು ಐದು ದಿನದ ತರಬೇತಿ ಇಟ್ಟು, ಒಂದು ಗ್ಯಾರೇಜಿನಿಂದ ಒಬ್ಬರು ಬನ್ನಿ ಎಂದರು. ಮೇಸ್ತ್ರಿ ಮೂಗು ಮುರಿದ. "ಈ ವಯಸ್ಸಲ್ಲಿ ಬೆಂಚಿನ ಮೇಲೆ ಕೂತು ಪಾಠ ಕೇಳ್ಬೇಕಾ ನಾನು? ನೀನೇ ಹೋಗಿಬಾ." ಅವಳು ಹೋದಳು, ಒಂದು ನೋಟ್‌ಬುಕ್ ತುಂಬ ಬರೆದುಕೊಂಡು ಬಂದಳು. ವಾಲ್ವ್ ತೊಳೆದ ಮೇಲೆ ಕಂಪ್ಯೂಟರಿಗೆ ಹೊಸದಾಗಿ ಅಳತೆ ಕಲಿಸಬೇಕು ಎಂದು ಅವಳು ಹೇಳಿದಾಗ ಅವನು ಹೊಟ್ಟೆ ಹಿಡಿದುಕೊಂಡು ನಕ್ಕಿದ್ದ. "ತಗಡಿಗೆ ಅಕ್ಷರಾಭ್ಯಾಸ ಮಾಡಿಸ್ತಾಳಂತೆ!"

ನಕ್ಕ ಹದಿನೈದೇ ದಿನಕ್ಕೆ ಒಂದು ಕಾರು ಬಂತು. ಮೇಸ್ತ್ರಿ ತನಗೆ ಬಂದ ಹಾಗೆ ವಾಲ್ವನ್ನು ಬಿಚ್ಚಿ, ಸ್ಕ್ರೂಡ್ರೈವರಿನಲ್ಲಿ ತಗಡನ್ನು ಒತ್ತಿ ಹಿಡಿದು, ಮಸಿಯನ್ನೆಲ್ಲ ಕೆರೆದು ಫಳಫಳ ಹೊಳೆಯಿಸಿ ಜೋಡಿಸಿದ. ಗಾಡಿ ಸ್ಟಾರ್ಟ್ ಮಾಡಿದರೆ ಇಂಜಿನ್ನು ಹುಚ್ಚು ಹಿಡಿದ ಹಾಗೆ ಕಿರುಚತೊಡಗಿತು. ಎರಡು ಗಂಟೆ ಗುದ್ದಾಡಿದ. ಗಿರಾಕಿ ಗಡಿಯಾರ ನೋಡತೊಡಗಿದ. ಆಗ ಹೆಂಡತಿ ಬಂದು, "ರೀ, ಒಂದು ನಿಮಿಷ" ಎಂದು ಸೀಟಿನಲ್ಲಿ ಕೂತಳು. ಗಾಡಿಯ ಕಂಪ್ಯೂಟರನ್ನು ಓದುವ ಸ್ಕ್ಯಾನರ್ ಸಿಕ್ಕಿಸಿ ಏನೋ ಒತ್ತಿದಳು, ಪೆಡಲ್ ಮುಟ್ಟದೆ ಬರೀ ಕೀ ತಿರುಗಿಸಿ ಕಾದಳು, ಆಮೇಲೆ ಸ್ಟಾರ್ಟ್ ಮಾಡಿ ಹತ್ತು ನಿಮಿಷ ಹಾಗೇ ಬಿಟ್ಟಳು. ಕಿರುಚುತ್ತಿದ್ದ ಇಂಜಿನ್ನು ಹಾಲು ಕುಡಿದ ಕೂಸಿನ ಹಾಗೆ ತಣ್ಣಗಾಯಿತು. "ಏನಮ್ಮ, ಡಾಕ್ಟರಮ್ಮ ನೀವು!" ಎಂದು ಗಿರಾಕಿ ಕೈಮುಗಿದ. ಮೇಸ್ತ್ರಿ ಕೈ ತೊಳೆಯುವ ನೆಪದಲ್ಲಿ ಹಿಂದಕ್ಕೆ ಹೋಗಿ ನಲ್ಲಿ ಬಿಟ್ಟುಕೊಂಡು ನಿಂತ. ತೊಳೆದ ಕೈಯನ್ನೇ ಮತ್ತೆ ಮತ್ತೆ ತೊಳೆದ.

ಅಂದು ಹತ್ತಿಕೊಂಡ ಕಿಚ್ಚು ಆಮೇಲೆ ಆರಲಿಲ್ಲ. ಅವಳು ಗಿರಾಕಿಗಳ ಜೊತೆ ನಕ್ಕರೆ ಉರಿ, ನಗದಿದ್ದರೆ ದೊಡ್ಡಸ್ತಿಕೆ ಎಂದು ಉರಿ. ಮಗಳು ಶಾಲೆಯಲ್ಲಿ "ನಮ್ಮಮ್ಮ ಇಂಜಿನ್ ರಿಪೇರಿ ಮಾಡ್ತಾರೆ" ಎಂದು ಪ್ರಬಂಧ ಬರೆದು, ಓದಿ ತೋರಿಸಿದಾಗ ಅದರಲ್ಲಿ ತನ್ನ ಬಗ್ಗೆ ಎಷ್ಟು ಸಾಲು ಇದೆಯೆಂದು ಎಣಿಸಿದ. ಒಂದೇ ಸಾಲಿತ್ತು.

ಇಷ್ಟರಲ್ಲಿ ವ್ಯಾನ್ ತಾತ ಬಂದ.

ಶಾಲೆಯ ಮಕ್ಕಳನ್ನು ಕರೆದೊಯ್ಯುವ ಹಳದಿ ವ್ಯಾನು ಅವನದು. ಮಕ್ಕಳೆಲ್ಲ ತಾತ ಎನ್ನುತ್ತಿದ್ದರಿಂದ ಊರೇ ಹಾಗೆ ಕರೆಯುತ್ತಿತ್ತು. ಇಪ್ಪತ್ತು ವರ್ಷದಿಂದ, ಒಂದಾದ ಮೇಲೊಂದರಂತೆ ಅವನು ಕೊಂಡ ಮೂರು ವ್ಯಾನುಗಳನ್ನೂ ಮೇಸ್ತ್ರಿಯೇ ನೋಡಿಕೊಂಡಿದ್ದ. ಬೇರೆಯವರ ಕೈಗೆ ಗಾಡಿಯ ಕೀ ಕೊಟ್ಟವನೇ ಅಲ್ಲ. ಎಷ್ಟು ಗಿರಾಕಿಗಳು ಡಾಕ್ಟರಮ್ಮ ಎಂದು ಬಾಯಿ ಬಡಿದುಕೊಂಡರೂ ತಾತನೊಬ್ಬ ಇದ್ದಾನಲ್ಲ ಎಂದು ಮೇಸ್ತ್ರಿಗೆ ಒಳಗೊಳಗೇ ಧೈರ್ಯವಿತ್ತು.

ಮಕ್ಕಳನ್ನು ಶಾಲೆಗೆ ಬಿಟ್ಟು, ಒಂಬತ್ತೂವರೆಗೆ ತಾತ ವ್ಯಾನನ್ನು ತಂದು ನಿಲ್ಲಿಸಿದ. "ನಿಂತ್ರೆ ನಡುಗುತ್ತೆ, ಸಿಗ್ನಲ್‌ನಲ್ಲಿ ಆರಿಹೋಗುತ್ತೆ" ಎಂದ. ಮೇಸ್ತ್ರಿ ಆಗಲೇ ಬಾನೆಟ್ ಎತ್ತಿ ಕೈ ಹಾಕಿದ್ದ.

ತಾತ ಕೆಮ್ಮಿದ. ನೆಲ ನೋಡಿದ. "ಮೇಸ್ತ್ರಿ, ತಪ್ಪು ತಿಳೀಬೇಡಪ್ಪ. ಇದು ಹೊಸ ಗಾಡಿ. ಡಾಕ್ಟರಮ್ಮ ಒಂದ್ಸಲ ನೋಡ್ಲಿ ಬಿಡು."

ಮೇಸ್ತ್ರಿ ಕೈ ಹಿಂದಕ್ಕೆ ತೆಗೆದುಕೊಂಡ. "ಅದಕ್ಕೇನು ತಾತ, ನೋಡ್ಲಿ" ಎಂದ. ಕೆನ್ನೆಗೆ ಹೊಡೆಸಿಕೊಂಡವನ ಹಾಗೆ ಕಿವಿಯೆಲ್ಲ ಬಿಸಿಯಾಗಿತ್ತು. ತಾತ ಮಕ್ಕಳನ್ನು ಕರೆತರುವ ಹೊತ್ತಿಗೆ ಬರುತ್ತೇನೆಂದು ಮನೆಗೆ ಹೋದ.

ಅವಳು ಕೆಲಸ ಮಾಡುವುದನ್ನು ಮೇಸ್ತ್ರಿ ಪಕ್ಕದ ಗಾಡಿಯ ಮರೆಯಿಂದ ನೋಡುತ್ತಲೇ ಇದ್ದ. ಬ್ಯಾಟರಿಯ ತಂತಿ ತೆಗೆದಳು. ಗಾಳಿ ಬರುವ ದಪ್ಪ ರಬ್ಬರ್ ಕೊಳವೆಯ ಸುತ್ತ ಬಿಗಿದಿದ್ದ ಕ್ಲಾಂಪಿನ ತಿರುಪನ್ನು ಸಡಿಲಿಸಿ ಕೊಳವೆ ಬಿಡಿಸಿದಳು. ನಾಲ್ಕು ಬೋಲ್ಟು ಬಿಚ್ಚಿ ವಾಲ್ವನ್ನು ಕೂಸನ್ನೆತ್ತುವ ಹಾಗೆ ಎತ್ತಿಕೊಂಡಳು. ಮಸಿ ಕರಗಿಸುವ ಸ್ಪ್ರೇಯನ್ನು ನೇರ ಅದರ ಮೇಲೆ ಹೊಡೆಯಲಿಲ್ಲ, ಮೆತ್ತನೆ ಬಟ್ಟೆಗೆ ಹೊಡೆದು ತಗಡಿನ ಅಂಚನ್ನು ಸುತ್ತ ಒರೆಸಿದಳು. ಬಟ್ಟೆ ಕಪ್ಪಾದಾಗಲೆಲ್ಲ ಬೇರೆ ತೆಗೆದುಕೊಂಡಳು. ಕೆರೆಯಲಿಲ್ಲ, ಒತ್ತಲಿಲ್ಲ. ಸಂದಿ ಮುಚ್ಚುವ ಹಳೇ ಗ್ಯಾಸ್ಕೆಟ್ ಕಿತ್ತು ಹೊಸದು ಕೂರಿಸಿ, ಬೋಲ್ಟುಗಳನ್ನು ಎದುರುಬದುರಾಗಿ ಸ್ವಲ್ಪಸ್ವಲ್ಪವೇ ಬಿಗಿದಳು. ಕೊಳವೆ ಕೂರಿಸಿ, ಕ್ಲಾಂಪ್ ಬಿಗಿದು, ಎರಡೂ ಕೈಯಿಂದ ಎಳೆದು ನೋಡಿದಳು. ಆಮೇಲೆ ಬ್ಯಾಟರಿಯ ತಂತಿ ಜೋಡಿಸಿ, ಸ್ಕ್ಯಾನರ್ ಸಿಕ್ಕಿಸಿ ಅಳತೆ ಕಲಿಸಿದಳು. ವ್ಯಾನಿನ ಇಂಜಿನ್ನು ತೊದಲದೆ, ನಡುಗದೆ ಒಂದೇ ಸಮನೆ ಓಡಿತು.

ಒಂದು ತಪ್ಪು ಹುಡುಕಲು ಮೇಸ್ತ್ರಿ ಕಣ್ಣಲ್ಲಿ ಕಣ್ಣಿಟ್ಟು ಕಾದಿದ್ದ. ಸಿಗಲಿಲ್ಲ. ತನಗಿಂತ ನಾಜೂಕು ಕೈ ಅದು ಎಂದು ಅವನಿಗೇ ಗೊತ್ತಾಗಿ ಹೊಟ್ಟೆ ಇನ್ನಷ್ಟು ಉರಿಯಿತು.

ಅವಳು ಇಂಜಿನ್ನು ಆರಿಸಿ, ಕೈ ತೊಳೆದು, ಮಗಳ ಶಾಲೆಯ ಟೀಚರನ್ನು ಕಾಣಲು ಹೊರಟಳು. "ಬಾನೆಟ್ ಹಾಕಿಬಿಡ್ರೀ, ತಾತ ಬಂದ್ರೆ ಕೀ ಕೊಡಿ" ಎಂದು ಹೇಳಿ ಹೋದಳು.

ಮೇಸ್ತ್ರಿ ಬಾನೆಟ್ಟಿನ ಹತ್ತಿರ ಬಂದ. ಕೈಯಲ್ಲಿ ಸ್ಕ್ರೂಡ್ರೈವರಿತ್ತು. ಮೊದಲೇ ಯೋಚಿಸಿದ್ದನೆಂದರೆ ಸುಳ್ಳು, ಯೋಚಿಸಿರಲಿಲ್ಲವೆಂದರೂ ಸುಳ್ಳು. ಬೀದಿಯತ್ತ ಒಮ್ಮೆ ನೋಡಿ ಕ್ಲಾಂಪಿನ ತಿರುಪನ್ನು ಹಿಂದಕ್ಕೆ ತಿರುಗಿಸಿದ. ಒಂದು ಸುತ್ತು. ಎರಡು. ಮೂರು. ಅಷ್ಟೇ. ಕೊಳವೆ ಅಲ್ಲೇ ಕೂತಿತ್ತು, ನೋಡಿದರೆ ಗೊತ್ತೇ ಆಗದ ಹಾಗೆ. ಎರಡು ದಿನ ಓಡಾಡಿದ ಮೇಲೆ ಅಲುಗಾಡಿ ಸರಿಯುತ್ತದೆ, ಲೆಕ್ಕಕ್ಕೆ ಸಿಗದ ಗಾಳಿ ಒಳಗೆ ನುಗ್ಗುತ್ತದೆ, ಇಂಜಿನ್ನು ತೊದಲುತ್ತದೆ. ತಾತ ಗೊಣಗಿಕೊಂಡು ಬರುತ್ತಾನೆ. ಆಗ ತಾನು ಒಂದೇ ನಿಮಿಷದಲ್ಲಿ ಸರಿಮಾಡಿ, "ಏನಿಲ್ಲ ತಾತ, ಬಿಗಿ ಮಾಡೋದು ಮರೆತಿದಾಳೆ" ಎನ್ನುವುದು. ಅಷ್ಟರವರೆಗೇ ಅವನ ಯೋಚನೆ ಓಡಿದ್ದು. ಬಾನೆಟ್ ಹಾಕಿದ. ತಾತ ಬಂದಾಗ ಕೀ ಕೊಟ್ಟ.

ವ್ಯಾನು ಹೋದದ್ದು ಎರಡೂವರೆಗೆ. ಮೂರು ಗಂಟೆಗೆ ಟೀ ಲೋಟ ಬಾಯಿಗಿಡಲು ಹೋದ ಮೇಸ್ತ್ರಿ ಅದನ್ನು ಹಾಗೇ ಕೆಳಗಿಟ್ಟ. ಶಾಲೆ ಬಿಡುವ ಹೊತ್ತು. ವ್ಯಾನಿನಲ್ಲಿ ಮಕ್ಕಳಿರುತ್ತಾರೆ.

ಇಲ್ಲಿಯವರೆಗೆ ಆ ವ್ಯಾನಿನಲ್ಲಿ ಅವನಿಗೆ ಕಂಡದ್ದು ತಾತ ಒಬ್ಬನೇ. ಫೋನ್ ಕೈಗೆತ್ತಿಕೊಂಡ. ತಾತನ ನಂಬರ್ ತೆಗೆದ. ಏನೆಂದು ಹೇಳುವುದು? ಕ್ಲಾಂಪ್ ನೋಡಿಕೋ ಎಂದರೆ, ನಿನಗೆ ಹೇಗೆ ಗೊತ್ತು ಎನ್ನುತ್ತಾನೆ. ಎರಡು ದಿನವಂತೂ ಏನೂ ಆಗುವುದಿಲ್ಲ, ನಾಳೆ ಬೆಳಿಗ್ಗೆ ಏನಾದರೂ ನೆಪ ಮಾಡಿ ಬಿಗಿದರಾಯಿತು. ಫೋನನ್ನು ಕೆಳಗಿಟ್ಟ. ಮತ್ತೆ ಎತ್ತಿಕೊಂಡ, ಮತ್ತೆ ಇಟ್ಟ. ಮೂರೂಮುಕ್ಕಾಲಿಗೆ ಅದು ತಾನಾಗಿಯೇ ಹೊಡೆದುಕೊಂಡಿತು. ಅಷ್ಟರಲ್ಲಿ ಹಿಂತಿರುಗಿದ್ದ ಹೆಂಡತಿ ಎತ್ತಿದಳು.

ಅವಳ ಮುಖ ನೋಡುತ್ತಿದ್ದ ಹಾಗೆ ಬಿಳಿಚಿಕೊಂಡಿತು. "ಮಕ್ಕಳು? ತಾತ, ಮಕ್ಕಳು ಹೇಗಿದಾರೆ?" ಎಂದಳು.

ದೊಡ್ಡ ರಸ್ತೆಯಲ್ಲಿ ಬಲಕ್ಕೆ ತಿರುಗುವಾಗ ವ್ಯಾನು ನಡುರಸ್ತೆಯಲ್ಲೇ ಕೆಮ್ಮಿ ನಿಂತುಬಿಟ್ಟಿತ್ತು. ಎದುರಿಂದ ಬಂದ ಲಾರಿ ಬ್ರೇಕ್ ಹಾಕಿ, ಮೊಳದಷ್ಟು ದೂರದಲ್ಲಿ ನಿಂತಿತ್ತು. ವ್ಯಾನು ತಟಕ್ಕನೆ ನಿಂತ ರಭಸಕ್ಕೆ ಏಳು ವರ್ಷದ ಒಂದು ಹುಡುಗಿಯ ತುಟಿ ಮುಂದಿನ ಸೀಟಿನ ಕಂಬಿಗೆ ತಗುಲಿ ಒಡೆದಿತ್ತು. ಉಳಿದ ಹನ್ನೊಂದು ಮಕ್ಕಳಿಗೆ ಏನೂ ಆಗಿರಲಿಲ್ಲ.

ಸ್ಪೇರ್ ಪಾರ್ಟ್ಸ್ ಅಂಗಡಿಯವನು ತನ್ನ ಜೀಪಿಗೆ ಹಗ್ಗ ಕಟ್ಟಿ ವ್ಯಾನನ್ನು ಎಳೆದು ತಂದ. ತಾತನೂ ಜೊತೆಗೇ ಬಂದ. ಬಾನೆಟ್ ಎತ್ತಿದವಳು ಅವಳೇ. ಕೊಳವೆ ಕಳಚಿಕೊಂಡು ನೇತಾಡುತ್ತಿತ್ತು. ಕ್ಲಾಂಪಿನ ತಿರುಪನ್ನು ಬೆರಳಿನಿಂದ ಮುಟ್ಟಿದಳು, ಅದು ಬೆರಳಿಗೇ ತಿರುಗಿತು. ಮತ್ತೊಮ್ಮೆ ತಿರುಗಿಸಿ ನೋಡಿ, ತಾತನ ಕಡೆ ತಿರುಗಿದಳು.

"ನಾನು ಸರಿಯಾಗಿ ಬಿಗಿ ಮಾಡಿಲ್ಲ ತಾತ. ಮಾಡ್ದೆ ಅಂತಲೇ ಅಂದ್ಕೊಂಡಿದ್ದೆ. ತಪ್ಪು ನನ್ನದು."

ತಾತ ಅವಳನ್ನು ದಾಟಿ ಆಚೆ ನೋಡಿದ. "ಮೇಸ್ತ್ರಿ, ನೀನೊಂದ್ಸಲ ನೋಡಪ್ಪ" ಎಂದ.

ಮೇಸ್ತ್ರಿ ಕಾದದ್ದು ಈ ಮಾತಿಗೇ. ಅದು ಕಿವಿಗೆ ಬಿದ್ದಾಗ, ಆ ಹೊತ್ತಿನಲ್ಲೂ, ಅವನೊಳಗೆ ಏನೋ ಸಿಹಿಯಾಗಿ ಕರಗಿದ್ದು ನಿಜ. ಕೊಳವೆ ಕೂರಿಸಿ ಕ್ಲಾಂಪ್ ಬಿಗಿದ. ಮೂರು ಸುತ್ತು. ಪಕ್ಕದಲ್ಲಿ ಹೆಂಡತಿ ಕೈಕಟ್ಟಿಕೊಂಡು, ತಪ್ಪು ಮಾಡಿದ ಮಗುವಿನ ಹಾಗೆ ನಿಂತಿದ್ದಳು.

ಮರುದಿನದಿಂದ ಅವಳು ಬೇರೆಯೇ ಹೆಂಗಸಾದಳು. ಒಂದು ತಿರುಪು ಬಿಗಿದು ನಾಲ್ಕು ಹೆಜ್ಜೆ ಹೋಗಿ ಮತ್ತೆ ಬಂದು ಮುಟ್ಟಿ ನೋಡುವಳು. "ರೀ, ಇದೊಂದು ನೀವು ನೋಡಿಬಿಡಿ" ಎನ್ನುವಳು. ಥ್ರಾಟಲ್ ಕೆಲಸ ಬಂದರೆ ಅವನ ಕಡೆ ತಳ್ಳುವಳು. ಮೊದಲೆರಡು ದಿನ ಮೇಸ್ತ್ರಿಗೆ ಹಾಯಾಗಿತ್ತು. ಫೋನೂ ಅವನೇ ಎತ್ತಿದ, ಗಿರಾಕಿಗಳೂ ಅವನ ಹತ್ತಿರವೇ ಮಾತಾಡಿದರು. ಮೂರನೆಯ ದಿನ ಒಂದು ಬಿಳಿ ಕಾರು ಬಂತು. ವಾಲ್ವಿನ ಮೋಟಾರು ಹಠ ಹಿಡಿದಿತ್ತು, ಅವನಿಗೆ ತಳಬುಡ ತಿಳಿಯಲಿಲ್ಲ. "ಬಾರೇ ಸ್ವಲ್ಪ" ಎಂದು ಕರೆದ. ಅವಳು ಸ್ಕ್ಯಾನರ್ ಹಿಡಿದವಳು ಕೆಳಗಿಟ್ಟಳು. "ಆಗಲ್ಲ ಕಣ್ರೀ. ಕೈ ನಡುಗುತ್ತೆ."

ಕಾರು ಹಾಗೇ ನಿಂತಿತು. ಆ ವಾರವೆಲ್ಲ ಮನೆಯಲ್ಲಿ ಅವಳು ಅನ್ನ ಬಡಿಸುತ್ತಾ ಬಡಿಸುತ್ತಾ ತಟ್ಟನೆ ಸೌಟು ಹಿಡಿದು ನಿಂತುಬಿಡುತ್ತಿದ್ದಳು. "ಎಳೆದು ನೋಡಿದ್ದೆ ಅಲ್ವಾ? ಎರಡೂ ಕೈಯಲ್ಲಿ ಎಳೆದು ನೋಡಿದ ನೆನಪಿದೆ ನನಗೆ. ಹಾಗಾದ್ರೆ ನನ್ನ ನೆನಪನ್ನೇ ನಂಬೋ ಹಾಗಿಲ್ವಾ?" ಎಂದು ಕೇಳುವಳು. ಮೇಸ್ತ್ರಿ ತಟ್ಟೆಗೆ ತಲೆ ಬಾಗಿಸುವನು. ಹೇಳಿಬಿಡಬೇಕೆಂದು ಬಾಯಿಯ ತನಕ ಬರುವುದು. ತುತ್ತಿನ ಜೊತೆ ನುಂಗುವನು.

ಹತ್ತು ದಿನ ಕಳೆದ ಮೇಲೆ, ಒಂದು ಬೆಳಿಗ್ಗೆ ವ್ಯಾನ್ ತಾತ ಮತ್ತೆ ಬಂದ. ವ್ಯಾನಿಗೆ ಏನೂ ಆಗಿರಲಿಲ್ಲ. ಅವಳು ಮೇಜಿನ ಹತ್ತಿರ ಕೂತಿದ್ದಳು. ತಾತ ಸೀದಾ ಅಲ್ಲಿಗೆ ಹೋದ.

"ಡಾಕ್ಟರಮ್ಮ, ನೀನು ಕೆಲಸ ಬಿಡ್ತೀಯ ಅಂತ ಅಂಗಡಿಯವನು ಹೇಳ್ದ. ನಿಜಾನಾ?"

"ಹೌದು ತಾತ. ಅವರ ಅಂಗಡಿಯಲ್ಲೇ ಕೌಂಟರ್ ನೋಡ್ಕೊಳ್ಳಕ್ಕೆ ಜನ ಬೇಕಂತೆ."

ಮೇಸ್ತ್ರಿಯ ಕೈಯಲ್ಲಿದ್ದ ಸ್ಪ್ಯಾನರ್ ಅಲ್ಲೇ ನಿಂತಿತು. ಅವನಿಗೆ ಈ ವಿಷಯ ಗೊತ್ತಿರಲಿಲ್ಲ.

"ಹುಚ್ಚಿ," ಎಂದ ತಾತ. "ಐವತ್ತು ವರ್ಷದಿಂದ ಗಾಡಿ ಓಡಿಸ್ತಿದೀನಿ. ಎಷ್ಟು ಮೇಸ್ತ್ರಿಗಳನ್ನ ನೋಡಿಲ್ಲ! ಒಬ್ಬನಾದ್ರೂ ನಾಲ್ಕು ಜನದ ಮುಂದೆ ತಪ್ಪು ನನ್ನದು ಅಂದಿದ್ದಾನಾ? ರಸ್ತೆ ಸರಿಯಿಲ್ಲ ಅಂತಾರೆ, ಪೆಟ್ರೋಲ್ ಸರಿಯಿಲ್ಲ ಅಂತಾರೆ. ನೀನು ಒಂದೇ ಮಾತಲ್ಲಿ ಒಪ್ಕೊಂಡೆ. ಆ ಹುಡುಗಿ ಮನೆಗೂ ಹೋಗಿ ಕ್ಷಮೆ ಕೇಳಿದೆಯಂತೆ. ಇನ್ಮೇಲೆ ನನ್ನ ಗಾಡಿ ಮುಟ್ಟೋದಾದ್ರೆ ನೀನೇ ಮುಟ್ಟಬೇಕು. ಇಂಥ ನಿಯತ್ತಿನ ಕೈ ನನಗೆ ಇನ್ನೆಲ್ಲೂ ಸಿಗಲ್ಲ."

ಮೇಸ್ತ್ರಿ ಇದನ್ನೆಲ್ಲ ಕೇಳಿಸಿಕೊಂಡು ನಿಂತಿದ್ದ. ಹತ್ತು ದಿನದಿಂದ ಹೆಂಡತಿಯ ಮುಖ ನೋಡಿ ಸಂಕಟಪಟ್ಟಿದ್ದವನು ಅವನು. ಆದರೆ ಈಗ ಮೈಗೆ ಹತ್ತಿದ್ದು ಸಂಕಟವಲ್ಲ, ಅದೇ ಹಳೇ ಉರಿ. ತಾನು ಮಾಡಿದ ತಪ್ಪಿಗೂ ಹೊಗಳಿಕೆ ಅವಳಿಗೇ! ತನ್ನ ಪಾಪವನ್ನೂ ಅವಳೇ ಹೊತ್ತುಕೊಂಡು ದೊಡ್ಡವಳಾಗಬೇಕೇ?

"ಅವಳೇನ್ ಒಪ್ಕೊಳ್ಳೋದು!" ಎಂದು ಕೂಗಿದ. "ಅದು ಅವಳ ತಪ್ಪೇ ಅಲ್ಲ. ಅವಳು ಬಿಗಿ ಮಾಡಿದ್ಲು. ಸಡಿಲ ಮಾಡಿದ್ದು ನಾನು!"

ಮಾತು ಹೊರಗೆ ಬಿದ್ದ ಮೇಲೆ ಅದು ಎಂಥ ಮಾತೆಂದು ಅವನಿಗೆ ಅರಿವಾಯಿತು. ಬಾಯಿ ತೆರೆದದ್ದು ತೆರೆದ ಹಾಗೇ ಇತ್ತು.

ತಾತ ಅವನನ್ನು ನೋಡಿದ, ಅವಳನ್ನು ನೋಡಿದ. ಅವಳು ನಿಧಾನವಾಗಿ ಎದ್ದು ನಿಂತಳು.

"ಎಷ್ಟು?" ಎಂದಳು.

"ಏನು?"

"ಎಷ್ಟು ಸುತ್ತು ಸಡಿಲ ಮಾಡಿದ್ರಿ?"

"ಮೂರು."

ಅವಳು ಕಣ್ಣು ಮುಚ್ಚಿ ಉದ್ದಕ್ಕೆ ಉಸಿರು ಬಿಟ್ಟಳು. ತನ್ನ ಎರಡೂ ಅಂಗೈಗಳನ್ನು ಮುಖದ ಮುಂದೆ ಹಿಡಿದು ನೋಡಿಕೊಂಡಳು. "ಹಾಗಾದ್ರೆ ನಾನು ಎಳೆದು ನೋಡಿದ್ದೆ" ಎಂದಳು, ತನಗೆ ತಾನೇ. ಆಮೇಲೆ ಕೇಳಿದಳು, "ಮಕ್ಕಳಿರ್ತಾರೆ ಅಂತ ಗೊತ್ತಿತ್ತಾ?"

"ಆಗ ಹೊಳೀಲಿಲ್ಲ. ಆಮೇಲೆ ಹೊಳೀತು."

"ಆಮೇಲೆ ಅಂದ್ರೆ?"

"ಮೂರು ಗಂಟೆಗೆ."

"ವ್ಯಾನು ನಿಂತುಹೋಗಿದ್ದು ಮೂರೂವರೆಗೆ. ಅರ್ಧ ಗಂಟೆ ಇತ್ತಲ್ರೀ. ಒಂದು ಫೋನ್ ಮಾಡಕ್ಕೆ ಆಗ್ಲಿಲ್ವಾ?"

ಮೇಸ್ತ್ರಿ ಸ್ಪ್ಯಾನರನ್ನು ಕೆಳಗಿಟ್ಟ. ತಾತ ಅವನ ಹತ್ತಿರ ಬಂದ. ಹೊಡೆಯುತ್ತಾನೆಂದು ಮೇಸ್ತ್ರಿ ಅಂದುಕೊಂಡ, ಹೊಡೆದರೆ ವಾಸಿ ಎಂದೂ ಅಂದುಕೊಂಡ. ತಾತ ಹೊಡೆಯಲಿಲ್ಲ. "ಇಪ್ಪತ್ತು ವರ್ಷ" ಎಂದಷ್ಟೇ ಹೇಳಿ, ವ್ಯಾನ್ ಹತ್ತಿ ಹೊರಟುಹೋದ.

ಅವಳು ಆ ದಿನ ಬೈಯಲೂ ಇಲ್ಲ, ಅಳಲೂ ಇಲ್ಲ. ಸಂಜೆ ಐದು ಗಂಟೆಗೆ, "ಕೈ ತೊಳ್ಕೊಂಡು ಬನ್ನಿ, ಆ ಹುಡುಗಿ ಮನೆಗೆ ಹೋಗೋದಿದೆ" ಎಂದಳು.

"ನೀನು ಆಗಲೇ ಹೋಗಿದ್ಯಲ್ಲ."

"ನಾನು ಹೋಗಿದ್ದೆ. ನೀವು ಹೋಗಿಲ್ಲ."

ಮೂರು ಬೀದಿ ದಾಟಿ, ಎರಡನೇ ಮಹಡಿ. ಹುಡುಗಿಯ ತಾಯಿ ಹೊಲಿಗೆ ಯಂತ್ರದಿಂದ ಎದ್ದು ಬಂದು ಬಾಗಿಲು ತೆರೆದಳು. ಕುತ್ತಿಗೆಯಲ್ಲಿ ಅಳತೆಯ ಟೇಪು ನೇತಾಡುತ್ತಿತ್ತು. ಮೇಸ್ತ್ರಿ ಹೊಸ್ತಿಲಾಚೆಯೇ ನಿಂತು, ನಡೆದದ್ದನ್ನು ತಡವರಿಸುತ್ತಾ ಹೇಳಿದ. ಹೇಳುತ್ತಿದ್ದ ಹಾಗೆ ಆ ಹೆಂಗಸಿನ ಮುಖ ಕೆಂಪೇರಿತು. "ಬೇಕು ಅಂತ ಮಾಡಿದ್ರಾ? ಬೇಕು ಅಂತ?" ಎಂದು ಎರಡು ಸಲ ಕೇಳಿದಳು. ಅವಳು ಅಂದ ಮಾತುಗಳನ್ನೆಲ್ಲ ಅವನು ತಲೆ ಎತ್ತದೆ ಕೇಳಿಸಿಕೊಂಡ. ಪಕ್ಕದ ಮನೆಯವರು ಬಾಗಿಲು ತೆರೆದು ನೋಡಿದರು.

ಗಲಾಟೆ ಕೇಳಿ ಹುಡುಗಿ ತಾಯಿಯ ಬೆನ್ನ ಹಿಂದಿನಿಂದ ಇಣುಕಿದಳು. ತುಟಿಯ ಮೇಲೆ ಕಂದು ಗೆರೆಯೊಂದು ಉಳಿದಿತ್ತು.

"ಅಂಕಲ್, ನೀವು ಯಾಕೆ ಹಂಗ್ ಮಾಡಿದ್ರಿ?"

ಮೇಸ್ತ್ರಿ ಹೆಂಡತಿಯ ಕಡೆ ನೋಡಿದ. ಅವಳು ಗೋಡೆ ನೋಡುತ್ತಿದ್ದಳು. "ಹೊಟ್ಟೆಕಿಚ್ಚು ಮಗೂ" ಎಂದ. "ಆಂಟಿ ನನಗಿಂತ ಚೆನ್ನಾಗಿ ಕೆಲಸ ಮಾಡ್ತಾರೆ. ಅದಕ್ಕೆ."

ಹುಡುಗಿ ಇದನ್ನು ಗಂಭೀರವಾಗಿ ಯೋಚಿಸಿದಳು. "ನಮ್ಮ ಕ್ಲಾಸಲ್ಲೂ ಒಬ್ಬಳಿದಾಳೆ. ನನ್ನ ಡ್ರಾಯಿಂಗ್ ಮೇಲೆ ನೀರು ಚೆಲ್ಲಿದ್ಲು. ಮಿಸ್ ಅವಳನ್ನ ನನ್ನ ಪಕ್ಕದಲ್ಲೇ ಕೂರಿಸಿದ್ರು."

"ಹೌದಾ? ಆಮೇಲೆ?"

"ಇನ್ನೂ ಕೂತಿದಾಳೆ" ಎಂದಳು ಹುಡುಗಿ, ಅದೇನೂ ದೊಡ್ಡ ವಿಷಯವಲ್ಲ ಎನ್ನುವ ಹಾಗೆ. ತಾಯಿ ಅವಳನ್ನು ಒಳಗೆ ಎಳೆದುಕೊಂಡು ಬಾಗಿಲು ಹಾಕಿದಳು.

ಸುದ್ದಿ ಬೀದಿಯಲ್ಲೆಲ್ಲ ಹರಡಿತು. ಕೆಲವು ಗಿರಾಕಿಗಳು ಬರುವುದು ಬಿಟ್ಟರು. ಬರುವವರು ಅವಳು ಇರುವ ಹೊತ್ತು ನೋಡಿ ಬಂದರು. ಸ್ಪೇರ್ ಪಾರ್ಟ್ಸ್ ಅಂಗಡಿಯವನು ತಮಾಷೆ ಮಾಡುವುದನ್ನೇ ನಿಲ್ಲಿಸಿದ, ಮೇಸ್ತ್ರಿಗೆ ಅದು ಬೈದದ್ದಕ್ಕಿಂತ ಹೆಚ್ಚು ನೋವಾಯಿತು. ವ್ಯಾನ್ ತಾತ ಎರಡು ತಿಂಗಳು ಆ ಕಡೆ ತಲೆ ಹಾಕಲಿಲ್ಲ. ಆಮೇಲೆ ಬಂದಾಗ ವ್ಯಾನನ್ನು ಅವಳ ಜಾಗದಲ್ಲಿ ನಿಲ್ಲಿಸಿ, ಅವಳು ಕೆಲಸ ಮುಗಿಸುವ ತನಕ ಸ್ಟೂಲು ಹಾಕಿಕೊಂಡು ಬಾನೆಟ್ಟಿನ ಎದುರೇ ಕೂತ. ಮೇಸ್ತ್ರಿ ಆ ಕಡೆ ಒಂದು ಹೆಜ್ಜೆ ಇಟ್ಟರೂ ಕತ್ತು ತಿರುಗಿಸಿ ನೋಡುತ್ತಿದ್ದ.

ಅವಳು ಅಂಗಡಿಯ ಕೌಂಟರಿಗೆ ಹೋಗಲಿಲ್ಲ. ಹುಡುಗಿಯ ಮನೆಗೆ ಹೋಗಿಬಂದ ಮರುದಿನ ಬೆಳಿಗ್ಗೆಯೇ, ಅಲ್ಲೇ ನಿಂತಿದ್ದ ಆ ಬಿಳಿ ಕಾರಿಗೆ ಕೈ ಹಾಕಿ ಮಧ್ಯಾಹ್ನದೊಳಗೆ ಮುಗಿಸಿದಳು. ಗ್ಯಾರೇಜನ್ನು ಮಾತ್ರ ಎರಡು ಪಾಲು ಮಾಡಿದಳು. ಬ್ರೇಕು, ಕ್ಲಚ್ಚು, ಸಸ್ಪೆನ್ಶನ್ ಅವನದು. ಇಂಜಿನ್ನು ಅವಳದು. ಅವಳು ಕೈ ಇಟ್ಟ ಗಾಡಿಯನ್ನು ಅವನು ಮುಟ್ಟುವ ಹಾಗಿಲ್ಲ. ಬಹಳ ದಿನ ಇಬ್ಬರ ನಡುವೆ ಸ್ಪ್ಯಾನರು, ಬೋಲ್ಟು, ಊಟ ಇಷ್ಟರ ಮಾತೇ ನಡೆಯಿತು. ಒಮ್ಮೆ ಅವನು, "ಎಷ್ಟು ದಿನ ಅಂತ ಮುಖ ಊದಿಸ್ಕೊಂಡಿರ್ತೀಯ?" ಎಂದು ಕೇಳಿದ್ದಕ್ಕೆ, "ನನಗೂ ಗೊತ್ತಿಲ್ಲ. ಲಾರಿ ಕನಸಿಗೆ ಬರೋದು ನಿಂತ ಮೇಲೆ ಹೇಳ್ತೀನಿ" ಎಂದಳು. ಅವನು ಮತ್ತೆ ಕೇಳಲಿಲ್ಲ.

ಕಿಚ್ಚು ಆರಿಹೋಯಿತು ಎಂದು ಹೇಳಿದರೆ ಸುಳ್ಳಾಗುತ್ತದೆ. ಬೇರೆ ಊರಿನಿಂದ ಒಬ್ಬ ಗಿರಾಕಿ ಅವಳನ್ನೇ ಹುಡುಕಿಕೊಂಡು ಬಂದ ದಿನ ಅವನಿಗೆ ಬೆಳಗಿನಿಂದ ಸಂಜೆಯ ತನಕ ಎದೆಯೊಳಗೆ ಕೆಂಡ. ಗಿರಾಕಿ ಹೋದ ಮೇಲೆ ಅವನು ಕಾರಿನಡಿಯಿಂದ ತಲೆ ಹೊರಗೆ ಹಾಕಿದ.

"ಇವತ್ತು ತುಂಬಾ ಉರೀತಿದೆ ಕಣೇ."

ಅವಳು ಬಾನೆಟ್ಟಿನೊಳಗೆ ಬಗ್ಗಿದ್ದವಳು ತಲೆ ಎತ್ತಲಿಲ್ಲ. ಆದರೆ ಎಷ್ಟೋ ದಿನದ ಮೇಲೆ ಅವಳ ದನಿಯಲ್ಲಿ ನಗುವಿನ ಎಳೆಯೊಂದು ಇತ್ತು.

"ಉರೀಲಿ. ಆ ಹತ್ತರ ಸ್ಪ್ಯಾನರ್ ಇಲ್ಲಿ ಕೊಟ್ಟು ಉರ್ಕೊಳ್ಳಿ."

ಅವನು ಎದ್ದು ಹೋಗಿ ಕೊಟ್ಟ. ಕೊಟ್ಟು, ಎರಡು ಹೆಜ್ಜೆ ಹಿಂದೆ ನಿಂತು, ಅವಳು ಬೋಲ್ಟು ಬಿಗಿಯುವುದನ್ನು ನೋಡಿದ.